ಬಾರ್ಸಿಲೋನಾ ಕ್ಲಬ್: ಸದಸ್ಯತ್ವ ಮತ್ತು ಮಾನ್ಯತೆಯ ಚರಿತ್ರೆ

ಯುರೋಪಿನ ಕ್ರೀಡಾಚರಿತ್ರೆಯಲ್ಲಿ ಸದಸ್ಯರ ಒಡೆತನದ ಕ್ಲಬ್ಬುಗಳಿಗೆ ವಿಶಿಷ್ಟ ಸ್ಥಾನವಿದೆ. ವಂತಿಗೆ ನೀಡಿ ಸೇರಿದ ಸಾಮಾನ್ಯ ನಾಗರಿಕರೇ ಅಧ್ಯಕ್ಷರನ್ನು ಚುನಾಯಿಸುವ ಇಂಥ ಸಂಸ್ಥೆಗಳು ಕೇವಲ ಕ್ರೀಡಾತಂಡಗಳಲ್ಲ, ಸಮುದಾಯದ ಸಾರ್ವಜನಿಕ ಬದುಕಿನ ಅಂಗಗಳೂ ಹೌದು. ಇವುಗಳ ಚರಿತ್ರೆಯನ್ನು ಸಾಮಾನ್ಯವಾಗಿ ಗೆಲುವುಗಳ ಪಟ್ಟಿಯಾಗಿ ಬರೆಯಲಾಗುತ್ತದೆ. ಆದರೆ ಯಾವ ಕ್ರೀಡಾ ವಿಭಾಗಕ್ಕೆ ಯಾವಾಗ ಮಾನ್ಯತೆ ದೊರೆಯಿತು ಎಂಬುದನ್ನು ಪರಿಶೀಲಿಸಿದರೆ, ಸಮುದಾಯವು ಯಾರನ್ನು ತನ್ನವರೆಂದು ಎಣಿಸಿತ್ತು ಎಂಬುದು ತಿಳಿದುಬರುತ್ತದೆ. ಫುಟ್‌ಬಾಲ್ ಕ್ಲಬ್ ಬಾರ್ಸಿಲೋನಾ ಇದಕ್ಕೆ ಉತ್ತಮ ನಿದರ್ಶನ.

ಸ್ವಿಟ್ಜರ್ಲೆಂಡಿನಿಂದ ಬಂದು ನೆಲೆಸಿದ ಜುವಾನ್ ಗಾಂಪರ್ 1899ರ ಅಕ್ಟೋಬರಿನಲ್ಲಿ ಕ್ರೀಡಾ ಪತ್ರಿಕೆಯೊಂದರಲ್ಲಿ ಪ್ರಕಟಣೆ ನೀಡಿ ಆಸಕ್ತರನ್ನು ಆಹ್ವಾನಿಸಿದನು. ಅದೇ ವರ್ಷದ ನವೆಂಬರ್ 29ರಂದು ಕ್ಲಬ್ ಸ್ಥಾಪನೆಗೊಂಡಿತು. ಸ್ಥಾಪಕರಲ್ಲಿ ಕ್ಯಾಟಲನ್ನರೊಡನೆ ಸ್ವಿಸ್, ಆಂಗ್ಲ ಮತ್ತು ಜರ್ಮನ್ ಮೂಲದವರೂ ಇದ್ದರು. 1908ರಲ್ಲಿ ಸದಸ್ಯರ ಸಂಖ್ಯೆ ತೀರಾ ಕುಸಿದು ಸಂಸ್ಥೆ ಮುಚ್ಚುವ ಹಂತ ತಲುಪಿದಾಗ ಗಾಂಪರ್ ಅಧ್ಯಕ್ಷನಾಗಿ ಅದನ್ನು ಉಳಿಸಿದನು. 1913ರಲ್ಲಿ ಎದೆಲ್ಮೀರಾ ಕಾಲ್ವೆತೊ ಮೊದಲ ಮಹಿಳಾ ಸದಸ್ಯೆಯಾದಳು. ಕ್ಲಬ್ಬಿನ 25ನೆಯ ವರ್ಷದ ವೇಳೆಗೆ ಸದಸ್ಯರ ಸಂಖ್ಯೆ 10 ಸಾವಿರವನ್ನು ಮೀರಿತ್ತು.

ಈ ಬೆಳವಣಿಗೆಯ ಹಿಂದೆ ಕ್ಯಾಟಲನ್ ಅಸ್ಮಿತೆಯ ಪ್ರಶ್ನೆಯೂ ಇತ್ತು. ಪ್ರಿಮೊ ದ ರಿವೇರಾನ ಸರ್ವಾಧಿಕಾರದ ಕಾಲದಲ್ಲಿ, 1925ರ ಜೂನ್ 14ರಂದು, ಕ್ಲಬ್ಬಿನ ಲೆಸ್ ಕೋರ್ತ್ಸ್ ಕ್ರೀಡಾಂಗಣದಲ್ಲಿ ಸ್ಪೇನಿನ ರಾಷ್ಟ್ರಗೀತೆಯನ್ನು ನುಡಿಸಿದಾಗ ಪ್ರೇಕ್ಷಕರು ಸಿಳ್ಳೆ ಹಾಕಿ ಪ್ರತಿಭಟಿಸಿದರು. ಪ್ರಭುತ್ವ ಕ್ರೀಡಾಂಗಣವನ್ನು ಮುಚ್ಚಿಸಿತು. ಗಾಂಪರ್ ಅಧ್ಯಕ್ಷಸ್ಥಾನವನ್ನು ತೊರೆಯಬೇಕಾಯಿತು. ಅಂತರ್ಯುದ್ಧದ ಆರಂಭದಲ್ಲಿ, 1936ರ ಆಗಸ್ಟಿನಲ್ಲಿ, ಅಧ್ಯಕ್ಷ ಜುಸೆಪ್ ಸುನ್ಯೋಲ್ ಫ್ರಾಂಕೊನ ಪಡೆಗಳಿಂದ ಹತನಾದನು. ಯುದ್ಧಾನಂತರ ಕ್ಲಬ್ಬಿನ ಹೆಸರನ್ನೇ ಸ್ಪ್ಯಾನಿಷ್ ಭಾಷೆಗೆ ಬದಲಾಯಿಸಲಾಯಿತು. ಕ್ಯಾಟಲನ್ ಭಾಷೆಯ ಮೇಲೆ ನಿರ್ಬಂಧವಿದ್ದ ಆ ದಶಕಗಳಲ್ಲಿ ಕ್ರೀಡಾಂಗಣವು ಜನರು ಒಗ್ಗೂಡಬಹುದಾದ ತಾಣವಾಯಿತು. ಕ್ಲಬ್ಬು ಬರಿಯ ಕ್ಲಬ್ಬಿಗಿಂತ ಮಿಗಿಲಾದುದೆಂಬ ಮಾತು 1968ರಲ್ಲಿ ಅಧ್ಯಕ್ಷ ನಾರ್ಸಿಸ್ ದ ಕರೆರಾಸನಿಂದ ಬಂದುದು ಈ ಹಿನ್ನೆಲೆಯಲ್ಲಿಯೇ.

ಬಾಸ್ಕೆಟ್‌ಬಾಲ್ ವಿಭಾಗವು 1926ರಲ್ಲಿಯೇ ಆರಂಭಗೊಂಡಿತ್ತು. 1961ರಲ್ಲಿ ಅಧ್ಯಕ್ಷ ಎನ್ರಿಕ್ ಲಾಉದೆತ್ ಈ ತಂಡವನ್ನು ವಿಸರ್ಜಿಸಿದನು. ಅಭಿಮಾನಿಗಳು ಒತ್ತಾಯ ತಂದುದರಿಂದ ಮರುವರ್ಷವೇ ಅದು ಮತ್ತೆ ಅಸ್ತಿತ್ವಕ್ಕೆ ಬಂದಿತು. 1971ರಲ್ಲಿ ಒಳಾಂಗಣ ಕ್ರೀಡೆಗಳಿಗಾಗಿ ಪಲಾವ್ ಬ್ಲಾಉಗ್ರಾನಾ ಕ್ರೀಡಾಂಗಣ ತೆರೆಯಿತು. 2003 ಮತ್ತು 2010ರಲ್ಲಿ ತಂಡವು ಯುರೋಪಿಯನ್ ಪ್ರಶಸ್ತಿಯನ್ನು ಗಳಿಸಿತು. ಸದಸ್ಯರ ದನಿಗೆ ಸಂಸ್ಥೆ ಮಣಿಯಬಲ್ಲದು ಎಂಬುದಕ್ಕೆ 1962ರ ಪ್ರಸಂಗ ಸಾಕ್ಷಿ.

ಮಹಿಳಾ ಫುಟ್‌ಬಾಲಿನ ಚರಿತ್ರೆ ಇದಕ್ಕಿಂತ ಭಿನ್ನವಾದುದು. 1970ರಲ್ಲಿ ಇಮ್ಮಾ ಕಾಬೆಸೆರಾನ್ ಎಂಬ ಯುವತಿ ಪತ್ರಿಕೆಯೊಂದರ ಮೂಲಕ ಆಟಗಾರ್ತಿಯರನ್ನು ಆಹ್ವಾನಿಸಿ ತಂಡ ಕಟ್ಟಿದಳು. ಗಾಂಪರ್ 71 ವರ್ಷಗಳ ಹಿಂದೆ ಅನುಸರಿಸಿದ ಮಾರ್ಗವೂ ಇದೇ ಆಗಿತ್ತೆಂಬುದು ಗಮನಾರ್ಹ. ಅಧ್ಯಕ್ಷ ಅಗುಸ್ತಿ ಮುಂತಾಲ್ ಸಹಕರಿಸಿದನು. ಹಿಂದಿನ ಖ್ಯಾತ ಗೋಲ್‌ಕೀಪರ್ ಆಂತೋನಿ ರಮಾಲ್ಯೆತ್ಸ್ ತರಬೇತುದಾರನಾದನು. ಅದೇ ವರ್ಷದ ಡಿಸೆಂಬರ್ 25ರಂದು ಕ್ಯಾಂಪ್ ನೌ ಕ್ರೀಡಾಂಗಣದಲ್ಲಿ ಸುಮಾರು 60 ಸಾವಿರ ಪ್ರೇಕ್ಷಕರ ಮುಂದೆ ಮೊದಲ ಪಂದ್ಯ ನಡೆಯಿತು. ಆದರೆ ಆಟಗಾರ್ತಿಯರು ಕಣಕ್ಕಿಳಿದದ್ದು ಕ್ಲಬ್ಬಿನ ಹೆಸರಿನಲ್ಲಲ್ಲ, ಬಾರ್ಸಿಲೋನಾ ನಗರ ತಂಡವೆಂಬ ಹೆಸರಿನಲ್ಲಿ. ಕ್ರೀಡಾಂಗಣವೂ ತರಬೇತುದಾರನೂ ದೊರೆತರು, ವಿಭಾಗದ ಸ್ಥಾನಮಾನ ದೊರೆಯಲಿಲ್ಲ.

ಇದಕ್ಕೆ ಸರ್ವಾಧಿಕಾರವನ್ನಷ್ಟೇ ಕಾರಣವಾಗಿ ಹೇಳುವುದು ಸಾಲದು. ಫ್ರಾಂಕೊ ಆಡಳಿತವು ಫುಟ್‌ಬಾಲನ್ನು ಸ್ತ್ರೀಯರಿಗೆ ತಕ್ಕುದಲ್ಲದ ಆಟವೆಂದು ಪರಿಗಣಿಸಿದ್ದು ನಿಜ. ಆದರೆ ಫ್ರಾಂಕೊ 1975ರಲ್ಲಿ ನಿಧನನಾದನು. 1980ರಲ್ಲಿ ಸ್ಪೇನಿನ ಫುಟ್‌ಬಾಲ್ ಒಕ್ಕೂಟವು ಮಹಿಳಾ ಫುಟ್‌ಬಾಲನ್ನು ಮಾನ್ಯ ಮಾಡಿತು. ತಂಡವು 1994ರಲ್ಲಿ ರಾಣಿಯ ಕಪ್ಪನ್ನೂ ಗೆದ್ದಿತು. ಹೀಗಿದ್ದೂ ಕ್ಲಬ್ಬು ಅದನ್ನು ತನ್ನ ಅಧಿಕೃತ ವಿಭಾಗವಾಗಿ ಸ್ವೀಕರಿಸಿದ್ದು 2002ರಲ್ಲಿ. ಒಂದು ವರ್ಷದೊಳಗೆ ಬಾಸ್ಕೆಟ್‌ಬಾಲನ್ನು ಮರಳಿ ಪಡೆದ ಸಮುದಾಯಕ್ಕೆ ಮಹಿಳಾ ತಂಡವನ್ನು ತನ್ನದೆಂದು ಹೇಳಲು 32 ವರ್ಷ ಹಿಡಿಯಿತು. ಪ್ರಭುತ್ವದ ದಬ್ಬಾಳಿಕೆಯನ್ನು ಎದುರಿಸಿದ ಸಂಸ್ಥೆಯೊಳಗೂ ಹೊರಗಿನ ಸಮಾಜದ ಪೂರ್ವಗ್ರಹಗಳು ಉಳಿದಿದ್ದವೆಂಬುದನ್ನು ಇದು ತೋರಿಸುತ್ತದೆ.

2015ರಲ್ಲಿ ಮಹಿಳಾ ತಂಡವು ವೃತ್ತಿಪರ ಸ್ವರೂಪ ಪಡೆಯಿತು. ಅನಂತರದ ಫಲಿತಾಂಶಗಳು ಸುಪ್ರಸಿದ್ಧ. 2021, 2023 ಮತ್ತು 2024ರಲ್ಲಿ ಅದು ಯುರೋಪಿನ ಚಾಂಪಿಯನ್ ಆಯಿತು. 2022ರ ಏಪ್ರಿಲ್ 22ರಂದು ವುಲ್ಫ್ಸ್‌ಬುರ್ಗ್ ವಿರುದ್ಧದ ಪಂದ್ಯಕ್ಕೆ ಕ್ಯಾಂಪ್ ನೌದಲ್ಲಿ 91,648 ಪ್ರೇಕ್ಷಕರು ಸೇರಿದ್ದರು. 1970ರ ಜನಸಂದಣಿಯನ್ನು ನೆನೆದರೆ ಈ ಆಸಕ್ತಿ ಹಠಾತ್ತನೆ ಹುಟ್ಟಿದ್ದಲ್ಲವೆಂಬುದು ಸ್ಪಷ್ಟ. ಪ್ರೇಕ್ಷಕರು ಮೊದಲೇ ಇದ್ದರು. ಕೊರತೆಯಿದ್ದುದು ಸಾಂಸ್ಥಿಕ ಬೆಂಬಲದ್ದು.

ವೃತ್ತಿಪರ ಕ್ಲಬ್ಬುಗಳನ್ನು ಕಂಪನಿಗಳನ್ನಾಗಿಸಿದ ಸ್ಪೇನಿನ 1990ರ ಕ್ರೀಡಾ ಕಾಯಿದೆಯಿಂದ ವಿನಾಯಿತಿ ಪಡೆದ ಕೆಲವೇ ಸಂಸ್ಥೆಗಳಲ್ಲಿ ಬಾರ್ಸಿಲೋನಾ ಒಂದು. ಸದಸ್ಯರ ಒಡೆತನವು ಹೀಗೆ ಉಳಿದುಬಂದುದು ಮಹತ್ವದ ಸಂಗತಿ. ಆದರೆ ಒಡೆತನವು ಸಮುದಾಯದ್ದಾದ ಮಾತ್ರಕ್ಕೆ ಸಮಾನತೆ ತಾನಾಗಿ ಬರುವುದಿಲ್ಲವೆಂಬುದೇ ಈ ಎರಡು ವಿಭಾಗಗಳ ಚರಿತ್ರೆಯಿಂದ ವಿದಿತವಾಗುವ ಅಂಶ. ಹೊರಗುಳಿದವರು ದಶಕಗಳ ಕಾಲ ಆಡುತ್ತಲೇ ಇದ್ದುದರಿಂದ ಸಮುದಾಯದ ಎಲ್ಲೆ ವಿಸ್ತರಿಸಿತು. ಬಾರ್ಸಿಲೋನಾದ ಚರಿತ್ರೆಯನ್ನು ಬರೆಯುವವರು 1899ರ ಜೊತೆಗೆ 1970ನ್ನೂ ಸ್ಥಾಪನೆಯ ವರ್ಷವಾಗಿಯೇ ಪರಿಗಣಿಸುವುದು ಉಚಿತ.