ಎಚ್.ಎಂ.ಐ.ಎಸ್. ಬೆಂಗಾಲ್: ಯುದ್ಧಕಾಲದ ಮೈನ್‌ಸ್ವೀಪರ್ ನೌಕೆಯ ಸೇವಾ ಇತಿಹಾಸ

1. ಪೀಠಿಕೆ

ಎರಡನೆಯ ಮಹಾಯುದ್ಧದ ಅವಧಿಯಲ್ಲಿ ಅಂದಿನ ರಾಯಲ್ ಇಂಡಿಯನ್ ನೇವಿಯಲ್ಲಿ ಸೇವೆ ಸಲ್ಲಿಸಿದವರ ಹಳೆಯ ಕಾಗದಪತ್ರಗಳಲ್ಲಿ ಹಲವು ನೌಕೆಗಳ ಹೆಸರುಗಳು ಕಂಡುಬರುತ್ತವೆ. ಆ ನೌಕೆ ಯಾವುದು, ಅದು ಯಾವ ಕಾರ್ಯ ನಿರ್ವಹಿಸಿತು ಎಂಬುದು ಕುಟುಂಬದವರಿಗೆ ತಿಳಿಯದೇ ಇರುವ ಸಂದರ್ಭಗಳು ಹೆಚ್ಚು. ಅಂತಹ ನೌಕೆಗಳ ಪೈಕಿ ಪ್ರಮುಖವಾದ ‘ಬೆಂಗಾಲ್’ ಎಂಬ ಮೈನ್‌ಸ್ವೀಪರ್ ನೌಕೆಯ ಸೇವಾ ವಿವರಗಳನ್ನು ಸಾರ್ವಜನಿಕರ ಮಾಹಿತಿಗಾಗಿ ಇಲ್ಲಿ ನೀಡಲಾಗಿದೆ.

2. ಮೈನ್‌ಸ್ವೀಪರ್ ನೌಕೆಯ ಕಾರ್ಯ

ಶತ್ರು ನೌಕೆಗಳನ್ನು ನಾಶಪಡಿಸುವ ಉದ್ದೇಶದಿಂದ ಸಮುದ್ರದಲ್ಲಿ ಇರಿಸುವ ಸ್ಫೋಟಕಗಳನ್ನು ಮೈನ್‌ಗಳೆಂದು ಕರೆಯಲಾಗುತ್ತದೆ. ಇವುಗಳಲ್ಲಿ ಒಂದು ಬಗೆಯವನ್ನು ಸಮುದ್ರತಳದ ಭಾರಕ್ಕೆ ಉಕ್ಕಿನ ಹಗ್ಗದಿಂದ ಕಟ್ಟಿ, ನೀರಿನ ಮೇಲ್ಮೈಗಿಂತ ಸ್ವಲ್ಪ ಕೆಳಗೆ ತೇಲುವಂತೆ ಬಿಡಲಾಗುತ್ತಿತ್ತು. ಮೈನ್‌ಸ್ವೀಪರ್ ನೌಕೆಯು ತನ್ನ ಹಿಂದೆ, ಒಂದು ಬದಿಗೆ ಹರಡಿಕೊಳ್ಳುವಂತೆ, ಕತ್ತರಿಗಳನ್ನು ಜೋಡಿಸಿದ ಉದ್ದನೆಯ ಉಕ್ಕಿನ ತಂತಿಯನ್ನು ಎಳೆಯುತ್ತಾ ಸಾಗುತ್ತದೆ. ಮೈನಿನ ಹಗ್ಗವು ಈ ತಂತಿಗೆ ಸಿಲುಕಿ ತುಂಡಾದಾಗ ಮೈನ್ ಮೇಲಕ್ಕೆ ತೇಲಿಬರುತ್ತದೆ. ಅನಂತರ ಅದನ್ನು ಗುಂಡು ಹಾರಿಸಿ ನಾಶಪಡಿಸಲಾಗುತ್ತದೆ.

ಇತರ ನೌಕೆಗಳಿಗೆ ದಾರಿಯನ್ನು ಸುರಕ್ಷಿತಗೊಳಿಸುವುದೇ ಇಂತಹ ನೌಕೆಯ ಮೂಲ ಕರ್ತವ್ಯ. ದೊಡ್ಡ ಯುದ್ಧನೌಕೆಗಳೊಡನೆ ನೇರ ಕಾಳಗ ನಡೆಸಲು ಇವುಗಳನ್ನು ನಿರ್ಮಿಸಿರಲಿಲ್ಲ. ಆದರೆ ಯುದ್ಧಕಾಲದಲ್ಲಿ ನೌಕೆಗಳ ಕೊರತೆಯಿಂದಾಗಿ ವ್ಯಾಪಾರಿ ನೌಕೆಗಳಿಗೆ ಬೆಂಗಾವಲಾಗಿ ಹೋಗುವ ಹೊಣೆಯೂ ಇವುಗಳ ಮೇಲೆ ಬಿದ್ದಿತು.

3. ನಿರ್ಮಾಣ ಮತ್ತು ತಾಂತ್ರಿಕ ವಿವರ

ಬೆಂಗಾಲ್ ನೌಕೆಯು ಆಸ್ಟ್ರೇಲಿಯಾದ ಬಾಥರ್ಸ್ಟ್ ವರ್ಗಕ್ಕೆ ಸೇರಿದುದಾಗಿದೆ. ಈ ವರ್ಗದ ಒಟ್ಟು 60 ನೌಕೆಗಳನ್ನು ಆಸ್ಟ್ರೇಲಿಯಾದಲ್ಲಿ ನಿರ್ಮಿಸಲಾಯಿತು. ಅವುಗಳ ಪೈಕಿ ಬೆಂಗಾಲ್, ಬಾಂಬೆ, ಮದ್ರಾಸ್ ಮತ್ತು ಪಂಜಾಬ್ ಎಂಬ 4 ನೌಕೆಗಳು ರಾಯಲ್ ಇಂಡಿಯನ್ ನೇವಿಗೆ ಸೇರಿದವು. ಬೆಂಗಾಲ್ ನೌಕೆಯ ಮುಖ್ಯ ವಿವರಗಳು ಈ ಕೆಳಕಂಡಂತಿವೆ:

ನಿರ್ಮಾಣ ಸ್ಥಳ: ಕಾಕಟೂ ಹಡಗುಕಟ್ಟೆ, ಸಿಡ್ನಿ
ನೀರಿಗೆ ಇಳಿಸಿದ ವರ್ಷ: 1942
ಸೇವೆಗೆ ಸೇರ್ಪಡೆ: ಆಗಸ್ಟ್ 1942
ತೂಕ: ಸುಮಾರು 650 ಟನ್
ಉದ್ದ: 186 ಅಡಿ
ಗರಿಷ್ಠ ವೇಗ: ಸುಮಾರು 15 ನಾಟ್
ಮುಖ್ಯ ಶಸ್ತ್ರ: 12 ಪೌಂಡರ್ ಫಿರಂಗಿ 1, ಇದಲ್ಲದೆ ವಿಮಾನ ವಿರೋಧಿ ಲಘು ಫಿರಂಗಿಗಳು

4. ದಿನಾಂಕ 11-11-1942ರ ಕಾಳಗ

ಸೇವೆಗೆ ಸೇರಿದ ಮೂರು ತಿಂಗಳಲ್ಲಿಯೇ ನೌಕೆಯು ತನ್ನ ಅತಿ ಕಠಿಣ ಪರೀಕ್ಷೆಯನ್ನು ಎದುರಿಸಬೇಕಾಯಿತು. ದಿನಾಂಕ 5-11-1942ರಂದು ಬೆಂಗಾಲ್ ನೌಕೆಯು ‘ಓಂಡಿನಾ’ ಎಂಬ ಡಚ್ ತೈಲವಾಹಕ ನೌಕೆಗೆ ಬೆಂಗಾವಲಾಗಿ ಆಸ್ಟ್ರೇಲಿಯಾದ ಫ್ರೀಮ್ಯಾಂಟಲ್ ಬಂದರಿನಿಂದ ಡಿಯೆಗೊ ಗಾರ್ಸಿಯಾ ದ್ವೀಪದ ಕಡೆಗೆ ಹೊರಟಿತು. ಬೆಂಗಾಲ್ ನೌಕೆಯ ಕಮಾಂಡಿಂಗ್ ಅಧಿಕಾರಿ ಲೆಫ್ಟಿನೆಂಟ್ ಕಮಾಂಡರ್ ಡಬ್ಲ್ಯೂ.ಜೆ. ವಿಲ್ಸನ್ ಅವರಾಗಿದ್ದರು. ಓಂಡಿನಾ ನೌಕೆಯ ಕ್ಯಾಪ್ಟನ್ ವಿಲೆಮ್ ಹಾರ್ಸ್‌ಮನ್. ಓಂಡಿನಾದಲ್ಲಿ 4 ಅಂಗುಲದ ಒಂದು ಫಿರಂಗಿ ಇದ್ದು, ಅದಕ್ಕೆ ಕೇವಲ 32 ಸುತ್ತು ಮದ್ದುಗುಂಡುಗಳಿದ್ದವು.

ದಿನಾಂಕ 11-11-1942ರಂದು ಮಧ್ಯಾಹ್ನದ ವೇಳೆಗೆ, ಕೊಕೊಸ್ ದ್ವೀಪಗಳ ನೈಋತ್ಯಕ್ಕೆ, ಜಪಾನಿನ ‘ಹೊಕೊಕು ಮಾರು’ ಮತ್ತು ‘ಐಕೊಕು ಮಾರು’ ಎಂಬ ಎರಡು ನೌಕೆಗಳು ಎದುರಾದವು. ಮೂಲತಃ ಪ್ರಯಾಣಿಕರನ್ನು ಮತ್ತು ಸರಕನ್ನು ಸಾಗಿಸಲು ನಿರ್ಮಿಸಿದ ಇವುಗಳನ್ನು ಯುದ್ಧಕಾಲದಲ್ಲಿ ಸಶಸ್ತ್ರ ದಾಳಿ ನೌಕೆಗಳಾಗಿ ಮಾರ್ಪಡಿಸಲಾಗಿತ್ತು. ಇವು ತಲಾ 10,000 ಟನ್ನಿಗೂ ಅಧಿಕ ಗಾತ್ರದವಾಗಿದ್ದು, 14 ಸೆಂಟಿಮೀಟರ್ ಫಿರಂಗಿಗಳನ್ನು ಹಾಗೂ ಟಾರ್ಪಿಡೊಗಳನ್ನು ಹೊಂದಿದ್ದವು. ಅದೇ ವರ್ಷ ಇವು ಹಿಂದೂ ಮಹಾಸಾಗರದಲ್ಲಿ ‘ಎಲಿಸಿಯಾ’ ನೌಕೆಯನ್ನು ಮುಳುಗಿಸಿ, ‘ಜೆನೊಟಾ’ ಮತ್ತು ‘ಹೌರಾಕಿ’ ನೌಕೆಗಳನ್ನು ವಶಪಡಿಸಿಕೊಂಡಿದ್ದವು. ಇವುಗಳ ವೇಗವೂ ಅಧಿಕವಾಗಿದ್ದುದರಿಂದ ಓಡಿ ಪಾರಾಗುವುದು ಓಂಡಿನಾಕ್ಕಾಗಲಿ, ಬೆಂಗಾಲ್‌ಗಾಗಲಿ ಸಾಧ್ಯವಿರಲಿಲ್ಲ.

ಈ ಪರಿಸ್ಥಿತಿಯಲ್ಲಿ ವಿಲ್ಸನ್ ಅವರು ಓಂಡಿನಾಕ್ಕೆ ದೂರ ಸರಿಯುವಂತೆ ಸೂಚನೆ ನೀಡಿ, ಅದಕ್ಕೆ ಸಮಯ ದೊರಕಿಸುವ ಸಲುವಾಗಿ ತಮ್ಮ ನೌಕೆಯನ್ನು ಶತ್ರುವಿನತ್ತಲೇ ತಿರುಗಿಸಿದರು. ಓಂಡಿನಾ ಸಹ ಗುಂಡು ಹಾರಿಸುತ್ತಾ ಹೋರಾಟದಲ್ಲಿ ಪಾಲ್ಗೊಂಡಿತು. ಸ್ವಲ್ಪ ಸಮಯದಲ್ಲಿ ಹೊಕೊಕು ಮಾರು ನೌಕೆಯ ಹಿಂಭಾಗಕ್ಕೆ ಒಂದು ಗುಂಡು ತಗುಲಿ, ಟಾರ್ಪಿಡೊಗಳು ಸ್ಫೋಟಗೊಂಡು ಬೆಂಕಿ ಹೊತ್ತಿಕೊಂಡಿತು. ಬೆಂಕಿಯು ಮದ್ದುಗುಂಡಿನ ಕೋಠಿಗೆ ವ್ಯಾಪಿಸಿ ಭಾರೀ ಸ್ಫೋಟ ಸಂಭವಿಸಿತು. ಆ ನೌಕೆಯು ಮುಳುಗಿ, ಅದರ ಕ್ಯಾಪ್ಟನ್ ಸೇರಿದಂತೆ 76 ಮಂದಿ ಮೃತಪಟ್ಟರು.

ಎರಡನೆಯ ನೌಕೆಯಾದ ಐಕೊಕು ಮಾರು ದಾಳಿಯನ್ನು ಮುಂದುವರಿಸಿತು. ಬೆಂಗಾಲ್ ನೌಕೆಗೂ ಹೊಡೆತ ಬಿದ್ದಿದ್ದು, ಮದ್ದುಗುಂಡು ಮುಗಿಯುತ್ತಾ ಬಂದುದರಿಂದ ಅದು ಹೊಗೆಯ ಪರದೆಯ ಮರೆಯಲ್ಲಿ ಹಿಂದೆ ಸರಿಯಿತು. ಬೆಂಗಾಲ್ ಸಿಬ್ಬಂದಿಯಲ್ಲಿ ಪ್ರಾಣಹಾನಿ ಆಗಲಿಲ್ಲ. ಓಂಡಿನಾ ನಾಶವಾಗಿದೆ ಎಂದು ಭಾವಿಸಿಯೇ ನೌಕೆಯು ಡಿಯೆಗೊ ಗಾರ್ಸಿಯಾ ತಲುಪಿತು.

5. ಓಂಡಿನಾ ನೌಕೆಯ ಮುಂದಿನ ಸ್ಥಿತಿ

ವಾಸ್ತವವಾಗಿ ಓಂಡಿನಾ ಮುಳುಗಿರಲಿಲ್ಲ. ಅದರ ಗುಂಡುಗಳು ಮುಗಿದುಹೋಗಿದ್ದವು. ಕ್ಯಾಪ್ಟನ್ ಹಾರ್ಸ್‌ಮನ್ ಹತರಾದರು. ಸಿಬ್ಬಂದಿ ಜೀವರಕ್ಷಕ ದೋಣಿಗಳಿಗೆ ಇಳಿದರು. ಐಕೊಕು ಮಾರು ಎರಡು ಟಾರ್ಪಿಡೊಗಳಿಂದ ನೌಕೆಗೆ ಹೊಡೆದುದಲ್ಲದೆ, ದೋಣಿಗಳ ಮೇಲೂ ಗುಂಡು ಹಾರಿಸಿತು. ಆದರೆ ತೈಲದ ತೊಟ್ಟಿಗಳು ಖಾಲಿಯಿದ್ದುದರಿಂದ ನೌಕೆಯು ಒಂದು ಬದಿಗೆ ವಾಲಿದರೂ ತೇಲುತ್ತಲೇ ಇತ್ತು. ಶತ್ರು ನೌಕೆಯು ನಿರ್ಗಮಿಸಿದ ಬಳಿಕ ಉಳಿದ ಸಿಬ್ಬಂದಿ ಪುನಃ ನೌಕೆಯನ್ನು ಏರಿ, ಬೆಂಕಿಯನ್ನು ನಂದಿಸಿ, ಯಂತ್ರಗಳನ್ನು ಚಾಲನೆಗೊಳಿಸಿ, ದಿನಾಂಕ 18-11-1942ರಂದು ಫ್ರೀಮ್ಯಾಂಟಲ್‌ಗೆ ಮರಳಿದರು.

6. ಕೀರ್ತಿಯ ಪ್ರಶ್ನೆ

ಹೊಕೊಕು ಮಾರು ನೌಕೆಯನ್ನು ನಾಶಪಡಿಸಿದ ಗುಂಡು ಯಾರದು ಎಂಬ ಬಗ್ಗೆ ಭಿನ್ನಾಭಿಪ್ರಾಯವಿದೆ. ಭಾರತೀಯ ಬರಹಗಳಲ್ಲಿ ಸಾಮಾನ್ಯವಾಗಿ ಬೆಂಗಾಲ್ ನೌಕೆಯ ಹೆಸರನ್ನೂ, ಡಚ್ ಬರಹಗಳಲ್ಲಿ ಓಂಡಿನಾದ ಹೆಸರನ್ನೂ ಹೇಳಲಾಗುತ್ತದೆ. ಓಂಡಿನಾದ 4 ಅಂಗುಲದ ಫಿರಂಗಿಯು ಹೆಚ್ಚು ಶಕ್ತಿಯುತವಾಗಿತ್ತು ಎಂಬುದು ಡಚ್ ವಾದಕ್ಕೆ ಬಲ ನೀಡುತ್ತದೆ. ಆದರೆ ಬೆಂಗಾಲ್ ನೌಕೆಯ ಸೇವೆಯನ್ನು ಆ ಒಂದು ಗುಂಡಿನಿಂದ ಮಾತ್ರ ಅಳೆಯುವುದು ಸಮಂಜಸವಲ್ಲ. ಬೆಂಗಾವಲು ನೌಕೆಯ ಕರ್ತವ್ಯವೆಂದರೆ ತನ್ನ ರಕ್ಷಣೆಗೆ ಒಪ್ಪಿಸಲಾದ ನೌಕೆಗೂ ಶತ್ರುವಿಗೂ ನಡುವೆ ನಿಲ್ಲುವುದು. 650 ಟನ್ನಿನ ನೌಕೆಯು ಆ ಕರ್ತವ್ಯವನ್ನು ನೆರವೇರಿಸಿತು ಎಂಬುದರಲ್ಲಿ ವಿವಾದವಿಲ್ಲ. ವಿಲ್ಸನ್ ಅವರಿಗೆ ಡಿ.ಎಸ್.ಒ. ಪದಕವನ್ನೂ, ಹಾರ್ಸ್‌ಮನ್ ಅವರಿಗೆ ಮರಣೋತ್ತರವಾಗಿ ನೆದರ್ಲೆಂಡ್ಸ್ ದೇಶದ ಮಿಲಿಟರಿ ವಿಲಿಯಂ ಪದಕವನ್ನೂ ನೀಡಲಾಯಿತು.

7. ಯುದ್ಧಾನಂತರದ ಸೇವೆ

1947ರ ದೇಶ ವಿಭಜನೆಯ ಸಂದರ್ಭದಲ್ಲಿ ನೌಕಾಪಡೆಯ 16 ಮೈನ್‌ಸ್ವೀಪರ್‌ಗಳ ಪೈಕಿ 12 ಭಾರತಕ್ಕೂ 4 ಪಾಕಿಸ್ತಾನಕ್ಕೂ ಹಂಚಿಕೆಯಾದವು. ಬೆಂಗಾಲ್ ಭಾರತದ ಪಾಲಿಗೆ ಬಂದು ಸೇವೆಯನ್ನು ಮುಂದುವರಿಸಿತು. 1960ರಲ್ಲಿ ಅದನ್ನು ಸೇವೆಯಿಂದ ತೆಗೆದು ಒಡೆಯಲಾಯಿತು.

8. ಹಳೆಯ ದಾಖಲೆಗಳನ್ನು ಓದುವವರ ಗಮನಕ್ಕೆ

(ಅ) ದಿನಾಂಕ 26-1-1950ರ ಮೊದಲು ನೌಕೆಗಳ ಹೆಸರಿನ ಹಿಂದೆ ‘ಎಚ್.ಎಂ.ಐ.ಎಸ್.’ ಎಂದೂ, ಆ ದಿನಾಂಕದಿಂದ ‘ಐ.ಎನ್.ಎಸ್.’ ಎಂದೂ ಬರೆಯಲಾಗುತ್ತಿತ್ತು. ಆದುದರಿಂದ ಎಚ್.ಎಂ.ಐ.ಎಸ್. ಬೆಂಗಾಲ್ ಮತ್ತು ಐ.ಎನ್.ಎಸ್. ಬೆಂಗಾಲ್ ಎಂಬುವು ಎರಡು ಬೇರೆ ನೌಕೆಗಳಲ್ಲ.

(ಆ) ಮೈನ್‌ಸ್ವೀಪರ್‌ಗಳಿಗೆ ಪ್ರಾಂತ್ಯಗಳ ಹೆಸರನ್ನು ಇಡಲಾಗಿತ್ತು. ದಾಖಲೆಯಲ್ಲಿ ಬೆಂಗಾಲ್, ಮದ್ರಾಸ್, ಕೊಂಕಣ್ ಅಥವಾ ಕರ್ನಾಟಿಕ್ ಎಂದಿದ್ದಲ್ಲಿ ಅದು ನೌಕೆಯ ಹೆಸರಾಗಿರಬಹುದು; ಅದನ್ನು ಸೇವೆ ಸಲ್ಲಿಸಿದ ಊರು ಅಥವಾ ಪ್ರಾಂತ್ಯವೆಂದು ಭಾವಿಸತಕ್ಕದ್ದಲ್ಲ.

(ಇ) ಯಾವುದೇ ಅರ್ಜಿಯಲ್ಲಿ ನೌಕೆಯ ಹೆಸರನ್ನು ನಮೂದಿಸುವಾಗ ಮೂಲ ದಾಖಲೆಯಲ್ಲಿ ಇರುವಂತೆಯೇ, ಅದರ ಹಿಂದಿನ ಅಕ್ಷರಗಳ ಸಮೇತ ಬರೆಯುವುದು ಸೂಕ್ತ. ಮೂಲ ದಾಖಲೆಯನ್ನು ತಿದ್ದಬಾರದು ಹಾಗೂ ಅದರ ಪ್ರತಿಯೊಂದನ್ನು ತಮ್ಮಲ್ಲಿ ಇಟ್ಟುಕೊಳ್ಳುವುದು.