ಬಾಣಂತಿ ಕೋಣೆಯಲ್ಲಿ ಮೂರು ನಿಮಿಷ

ಲಿಂಗದಹಳ್ಳಿಯ ನಮ್ಮ ಹೆಂಚಿನ ಮನೆಯಲ್ಲಿ ಅಡುಗೆಮನೆಯ ಹಿಂದೆ ಒಂದು ಸಣ್ಣ ಕೋಣೆಯಿದೆ. ಬಾಣಂತಿ ಕೋಣೆ ಎಂದೇ ಅದಕ್ಕೆ ಹೆಸರು. ನನಗೆ ಐದು ವರ್ಷವಾಗಿದ್ದಾಗ ನಮ್ಮಮ್ಮ ಅಲ್ಲಿ ತಂಗಿಯನ್ನು ಹೆತ್ತು, ಬೆಳಗಾಗುವುದರೊಳಗೆ ತೀರಿಕೊಂಡಳು. ಲಾಟೀನು ಆರಿದ್ದು, ಯಾರೋ ನನ್ನನ್ನು ಎತ್ತಿಕೊಂಡು ಹೊರಗೆ ಓಡಿದ್ದು, ಇಷ್ಟೇ ನೆನಪು. ದೆವ್ವವೂ ಇಲ್ಲ, ಭೂತವೂ ಇಲ್ಲವೆಂದು ಮಕ್ಕಳಿಗೆ ವರ್ಷಗಟ್ಟಲೆ ಪಾಠ ಹೇಳಿದವಳು ನಾನು. ಆದರೂ ದೀಪ ಹಚ್ಚಿದ ಮೇಲೆ ಆ ಬಾಗಿಲ ಕಡೆ ಸುಳಿದವಳಲ್ಲ.

ಕಳೆದ ಬೇಸಿಗೆಯಲ್ಲಿ ತಂಗಿಯ ಮಗಳು ಕಾಲೇಜಿನ ಕೆಲಸಕ್ಕೆಂದು ಒಂದು ಕಿರುಚಿತ್ರ ಮಾಡಲು ಬಂದಳು. "ನಿಮ್ಮ ಭಯಾನೇ ಚಿತ್ರ ಮಾಡೋಣ ದೊಡ್ಡಮ್ಮ" ಎಂದಳು. ನಾನು ಒಪ್ಪಲಿಲ್ಲ. ಇತಿಹಾಸದ ಮೇಷ್ಟರಿಗೆ ಇತಿಹಾಸವನ್ನೇ ಆಸೆ ತೋರಿಸಬೇಕೆಂದು ಅವಳಿಗೆ ಗೊತ್ತಿತ್ತು.

1943ರಲ್ಲಿ ಅಮೆರಿಕದ ಮಾಯಾ ಡೆರೆನ್ ಎಂಬಾಕೆ ಲಾಸ್ ಏಂಜಲೀಸಿನ ತನ್ನ ಮನೆಯಲ್ಲೇ, ಗಂಡ ಅಲೆಕ್ಸಾಂಡರ್ ಹಮೀದರ ಜೊತೆ ಸೇರಿ ಸುಮಾರು ಹದಿನಾಲ್ಕು ನಿಮಿಷದ 'ಮೆಷಸ್ ಆಫ್ ದಿ ಆಫ್ಟರ್‌ನೂನ್' ತೆಗೆದಳು. ಮಾತಿಲ್ಲದ ಚಿತ್ರ, ನಟಿಸಿದವಳೂ ಅವಳೇ. ಬೀಗದ ಕೈ, ಚಾಕು, ಮೆಟ್ಟಿಲು ಎಲ್ಲವೂ ಮನೆಯ ಸಾಮಾನುಗಳೇ. ಅವಳನ್ನು ಕಾಡುವ ಕರಿ ನಿಲುವಂಗಿಯ ಆಕೃತಿಗೆ ಮುಖದ ಜಾಗದಲ್ಲಿ ಇರುವುದು ಕನ್ನಡಿ!

ಅಷ್ಟು ದೂರ ಯಾಕೆ? ನಮ್ಮ ಮಲೆನಾಡಿನವರೇ ಆದ, ತೀರ್ಥಹಳ್ಳಿ ತಾಲ್ಲೂಕಿನ ಗಿರೀಶ ಕಾಸರವಳ್ಳಿಯವರು ಪುಣೆಯ ಚಲನಚಿತ್ರ ಸಂಸ್ಥೆಯಲ್ಲಿ ಓದುವಾಗ 'ಅವಶೇಷ್' ಎಂಬ ಕಿರುಚಿತ್ರ ಮಾಡಿ ರಾಷ್ಟ್ರಪ್ರಶಸ್ತಿ ಪಡೆದರು. 1977ರ ಅವರ 'ಘಟಶ್ರಾದ್ಧ'ದಲ್ಲಿ ವಿಧವೆಯೊಬ್ಬಳ ಸಂಕಟವನ್ನು ನಾವು ಕಾಣುವುದು ಪುಟ್ಟ ಹುಡುಗನ ಅಂಜಿದ ಕಣ್ಣುಗಳಿಂದ. ಅದೇ ಸಂಸ್ಥೆಯಲ್ಲಿ, ವೈದ್ಯ ಓದಿ ಸಿನಿಮಾಕ್ಕೆ ಬಂದ ಚಿದಾನಂದ ಎಸ್. ನಾಯ್ಕ ಅವರು ಅಜ್ಜಿ ಕೋಳಿಯ ಜನಪದ ಕತೆ ಹಿಡಿದು ನಾಲ್ಕು ದಿನದಲ್ಲಿ ಹದಿನಾರು ನಿಮಿಷದ ಕನ್ನಡ ಚಿತ್ರ ಮಾಡಿದರು. ಅಜ್ಜಿ ಕೋಳಿ ಕದ್ದಳು, ಊರಿಗೆ ಬೆಳಗೇ ಆಗಲಿಲ್ಲ. 2024ರಲ್ಲಿ ಅದಕ್ಕೆ ಕಾನ್ ಚಿತ್ರೋತ್ಸವದ ವಿದ್ಯಾರ್ಥಿ ವಿಭಾಗದಲ್ಲಿ ಮೊದಲ ಬಹುಮಾನ ಬಂತು. ಬೆಳಗಾಗದ ರಾತ್ರಿಯೆಂದರೆ ಏನೆಂದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಒಪ್ಪಿಕೊಂಡೆ.

ಕೆಲಸ ಇಷ್ಟೇ: ಕೈಯಲ್ಲಿ ಲಾಟೀನು ಹಿಡಿದು ಅಗುಳಿ ತೆಗೆದು ಒಳಗೆ ಹೋಗಬೇಕು, ಲಾಟೀನು ಆರಿಸಿ ಕೂರಬೇಕು. ಮೊದಲ ಸಲ ಹೊಸ್ತಿಲಲ್ಲೇ ಕಾಲು ನಡುಗಿತು. "ಬೆಳಕು ಸಾಲದು, ಇನ್ನೊಂದ್ಸಲ" ಎಂದಳು. ಆಮೇಲೆ ಬಾಗಿಲು ಕಿರುಗುಟ್ಟಿತೆಂದು ಇನ್ನೊಂದು ಸಲ, ನೆರಳು ಅಡ್ಡ ಬಂತೆಂದು ಮತ್ತೊಂದು ಸಲ. ಐದನೆಯ ಸಲದ ಹೊತ್ತಿಗೆ ಬಾಗಿಲ ತಿರುಗಣಿಗೆ ಎಣ್ಣೆ ಬಿಡುವುದು ಹೇಗೆಂದು ಯೋಚಿಸುತ್ತಿದ್ದೆ. ಹೆದರಲು ಪುರುಸೊತ್ತಿರಲಿಲ್ಲ.

ಕೊನೆಗೆ ಕತ್ತಲೆಯಲ್ಲಿ ಕೂತಿದ್ದಾಗ ಅವಳು ಫೋನು ಕೆಳಗಿಟ್ಟು ಮೆಲ್ಲನೆ ಕೇಳಿದಳು: "ನಮ್ಮಮ್ಮ ಹುಟ್ಟಿದ್ದು ಇಲ್ಲೇ ಅಲ್ವಾ ದೊಡ್ಡಮ್ಮ?"

ಐವತ್ತು ವರ್ಷ ಆ ಕೋಣೆಯನ್ನು ಅಮ್ಮ ಸತ್ತ ಕೋಣೆಯೆಂದೇ ತಿಳಿದಿದ್ದೆ. ಅದೇ ರಾತ್ರಿ ಅಲ್ಲೊಂದು ಕೂಸು ಅತ್ತಿತ್ತು, ಉಳಿದಿತ್ತು, ಬೆಳೆದು ಈ ಹುಡುಗಿಯನ್ನು ಹೆತ್ತಿತ್ತು. ಇತಿಹಾಸ ಹೇಳುವವಳು ನನ್ನ ಮನೆಯ ಇತಿಹಾಸದ ಅರ್ಧ ಪುಟವನ್ನಷ್ಟೇ ಓದಿದ್ದೆ.

ಚಿತ್ರ ಮೂರು ನಿಮಿಷದ್ದು. ತಂಗಿಗೆ ತೋರಿಸಿದೆವು. ಅವಳು ಏನೂ ಹೇಳದೆ ನನ್ನ ಕೈ ಹಿಡಿದುಕೊಂಡಳು. ಭಯ ಪೂರ್ತಿ ಹೋಯಿತೆಂದರೆ ಸುಳ್ಳಾದೀತು. ಈಗ ಸಂಜೆ ಆ ಬಾಗಿಲನ್ನು ತೆರೆದೇ ಇಡುತ್ತೇನೆ.