ಅರ್ಧ ಕಿಲೋ ಖೀಮಾ, ಒಂದು ಕಿಲೋ ಆಲೂ

ಹೋದ ಭಾನುವಾರ ರಾಯಚೂರಿನ ಮನೆಯಲ್ಲಿ ರಾತ್ರಿಯ ಅಡುಗೆ ನನ್ನ ಪಾಲಿಗೆ ಬಂತು. ಅಮ್ಮಿಗೆ ಮೊಣಕಾಲು ನೋವು. ಮಾನ್ವಿಯಿಂದ ದೊಡ್ಡಪ್ಪನ ಮನೆಯವರು ಬರುವವರಿದ್ದರು. ಎಲ್ಲ ಸೇರಿ ಒಂಬತ್ತು ಜನ. ಬೇಗ ಆಗುವಂಥದ್ದು ಏನು ಮಾಡಲಿ ಎಂದು ಕೇಳಿದೆ. ಅಮ್ಮಿ ಕುಳಿತಲ್ಲಿಂದಲೇ ದಖನಿಯಲ್ಲಿ ಹೇಳಿದಳು: ಖೀಮಾ ಆಲೂ ಮಾಡು, ಅರ್ಧ ಕಿಲೋ ಖೀಮಾ, ಒಂದು ಕಿಲೋ ಆಲೂ.

ಈ ಲೆಕ್ಕವನ್ನು ಚಿಕ್ಕಂದಿನಿಂದ ಕೇಳುತ್ತ ಬಂದಿದ್ದೇನೆ. ಆದರೆ ಆ ವಾರವಿಡೀ ನಾನು ರಾಯಚೂರು ದೋಆಬಿನ ಒಪ್ಪಂದಗಳ ಮೇಲೆ ಟಿಪ್ಪಣಿ ಮಾಡುತ್ತ ಕೂತಿದ್ದೆ. ಯಾರು ಯಾರಿಗೆ ಎಷ್ಟು ಕೊಟ್ಟರು ಎಂಬ ಲೆಕ್ಕವೇ ತಲೆಯಲ್ಲಿ ತುಂಬಿತ್ತು. ಹಾಗಾಗಿಯೋ ಏನೋ, ಅಮ್ಮಿಯ ಅಳತೆ ಅಂದು ಬೇರೆ ರೀತಿ ಕೇಳಿಸಿತು. ಒಂದು ಪಾಲಿಗೆ ಎರಡು ಪಾಲು. ಇದನ್ನು ಯಾರು, ಯಾವಾಗ ಗೊತ್ತು ಮಾಡಿದರು?

ರಾಯಚೂರಿನ ಇತಿಹಾಸ ಎಂದರೆ ನಮಗೆ ಶಾಲೆಯಲ್ಲಿ ಕಲಿಸಿದ್ದು ಕೋಟೆಯ ಕತೆ. 1294ರ ಶಾಸನವಿರುವ ಕಾಕತೀಯರ ಕಾಲದ ಗೋಡೆ, ಕೃಷ್ಣೆ ಮತ್ತು ತುಂಗಭದ್ರೆಯ ನಡುವಿನ ನೆಲಕ್ಕಾಗಿ ಬಹಮನಿಗಳು ಮತ್ತು ವಿಜಯನಗರದವರು ಮಾಡಿದ ಯುದ್ಧಗಳು, 1520ರಲ್ಲಿ ಕೃಷ್ಣದೇವರಾಯ ಇಸ್ಮಾಯಿಲ್ ಆದಿಲ್ ಶಾಹನನ್ನು ಸೋಲಿಸಿದ್ದು. ಆಮೇಲೆ ಮೊಗಲರು, ನಿಜಾಮರು. 1853ರಲ್ಲಿ ದೋಆಬು ಬ್ರಿಟಿಷರ ಕೈಗೆ ಹೋಗಿ 1860ರಲ್ಲಿ ಮತ್ತೆ ನಿಜಾಮರಿಗೆ ಬಂತು. 1948ರಲ್ಲಿ ಭಾರತಕ್ಕೆ, 1956ರಲ್ಲಿ ಮೈಸೂರು ರಾಜ್ಯಕ್ಕೆ ಸೇರಿತು. ನೆಲ ಕೈ ಬದಲಿಸಿದ್ದು ಪ್ರತಿ ಸಲವೂ ದಾಖಲಾಗಿದೆ. ಆ ನೆಲದ ಮೇಲೆ ಸಂಜೆ ಹೊತ್ತು ಒಲೆ ಹಚ್ಚಿದವರು ಆ ಕಾಗದಗಳಲ್ಲಿ ಬರುವುದು ಅಪರೂಪ. ಅವರನ್ನು ಹುಡುಕಬೇಕಾದರೆ ಅವರ ಪಾತ್ರೆಯನ್ನೇ ನೋಡಬೇಕು.

ಮೊದಲು ಖೀಮಾ. ಈ ಪದ ನಮಗೆ ಪಾರಸಿ, ಉರ್ದುಗಳ ಮೂಲಕ ಬಂತು. ಅದರ ಬೇರು ಇರುವುದು ತುರ್ಕಿ ಭಾಷೆಗಳಲ್ಲಿ, ಸಣ್ಣಗೆ ಕೊಚ್ಚುವುದು ಎಂಬ ಅರ್ಥದಲ್ಲಿ. ಹದಿನಾಲ್ಕನೆಯ ಶತಮಾನದಲ್ಲಿ ದೆಹಲಿಗೆ ಬಂದ ಇಬ್ನ್ ಬತೂತಾ, ಕೊಚ್ಚಿದ ಮಾಂಸಕ್ಕೆ ಬಾದಾಮಿ, ಪಿಸ್ತಾ, ಈರುಳ್ಳಿ, ಮಸಾಲೆ ಸೇರಿಸಿ ತೆಳ್ಳನೆಯ ಹಾಳೆಯಲ್ಲಿ ಮಡಚಿ ತುಪ್ಪದಲ್ಲಿ ಕರಿದ ತಿನಿಸನ್ನು ವರ್ಣಿಸಿದ್ದಾನೆ. ಅಕ್ಬರನ ಕಾಲದ ಐನ್-ಇ-ಅಕ್ಬರಿಯಲ್ಲಿ ಖೀಮಾ ಪುಲಾವ್, ಖೀಮಾ ಶೋರ್ಬಾಗಳಿಗೆ ಏನೇನು ಎಷ್ಟೆಷ್ಟು ಹಾಕಬೇಕೆಂಬ ಪಟ್ಟಿಯೇ ಇದೆ.

ಹಾಗೆಂದು ಕೊಚ್ಚಿದ ಮಾಂಸ ನಮ್ಮ ಕಡೆಗೆ ಹೊರಗಿನಿಂದ ಬಂತು ಎಂದರೆ ತಪ್ಪಾಗುತ್ತದೆ. ಯಾವ ಕಲ್ಯಾಣದ ಹೆಸರನ್ನು 2019ರಲ್ಲಿ ನಮ್ಮ ಭಾಗಕ್ಕೆ ಇಟ್ಟರೋ, ಅದೇ ಕಲ್ಯಾಣದಿಂದ ಆಳಿದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದಲ್ಲಿ ಸಂಸ್ಕೃತದಲ್ಲಿ ಮಾನಸೋಲ್ಲಾಸ ಬರೆಸಿದ. ಅದರ ಅನ್ನಭೋಗದ ಭಾಗದಲ್ಲಿ ಮಾಂಸವನ್ನು ಸಣ್ಣಗೆ ಕೊಚ್ಚಿ, ಮಸಾಲೆ ಬೆರೆಸಿ, ಉಂಡೆ ಕಟ್ಟಿ ಬೇಯಿಸುವ ವಿಧಾನಗಳಿವೆ. ಆಮೆ, ಏಡಿ, ಹೊಲದ ಇಲಿಯ ಅಡುಗೆಗಳೂ ಇವೆ. ಕನ್ನಡದ ಪಾಕಶಾಸ್ತ್ರ ಎಂದ ಕೂಡಲೇ ನಾವು 1508ರ ಸುಮಾರಿಗೆ ಜೈನ ಕವಿ ಮೂರನೆಯ ಮಂಗರಸ ಬರೆದ ಸೂಪಶಾಸ್ತ್ರದ ಹೆಸರು ಹೇಳುತ್ತೇವೆ. ಅದು ಪೂರ್ತಿ ಸಸ್ಯಾಹಾರದ ಕೃತಿ. ಅದನ್ನು ಓದುವುದು ಸರಿ. ಅದೊಂದನ್ನೇ ಓದಿ ಕನ್ನಡನಾಡಿನ ಊಟ ಹೀಗಿತ್ತು ಎನ್ನುವುದು ಸರಿಯಲ್ಲ.

ಇನ್ನು ಆಲೂ. ಅದು ಸೋಮೇಶ್ವರನ ಗ್ರಂಥದಲ್ಲೂ ಇಲ್ಲ, ಮಂಗರಸನಲ್ಲೂ ಇಲ್ಲ. ಇರಲು ಸಾಧ್ಯವೂ ಇಲ್ಲ. 1520ರ ರಾಯಚೂರು ಮುತ್ತಿಗೆಯನ್ನು ವಿವರವಾಗಿ ಬರೆದವನು ಪೋರ್ಚುಗೀಸ್ ಕುದುರೆ ವ್ಯಾಪಾರಿ ಫೆರ್ನಾವ್ ನುನಿಸ್. ರಾಯರ ಪಾಳೆಯದ ಬಜಾರುಗಳನ್ನು ಅವನು ಬಣ್ಣಿಸುವುದನ್ನು ಓದಿದರೆ ಯುದ್ಧಭೂಮಿಯಲ್ಲ, ತುಂಬಿದ ಪಟ್ಟಣದಲ್ಲಿ ನಿಂತಂತೆ ಅನಿಸುತ್ತದೆ. ಕೋಟೆಯ ಗೋಡೆಯ ಮೇಲಿನವರತ್ತ ಗುಂಡು ಹಾರಿಸಿದವರಲ್ಲಿ ಪೋರ್ಚುಗೀಸ್ ಬಂದೂಕುದಾರರೂ ಇದ್ದರು. ಆದರೆ ಆ ಪಾಳೆಯದ ಯಾವ ಬಜಾರಿನಲ್ಲೂ ಆಲೂಗಡ್ಡೆ ಸಿಗುತ್ತಿರಲಿಲ್ಲ. ಅದು ಬೆಳೆಯುತ್ತಿದ್ದ ಆಂಡಿಸ್ ಬೆಟ್ಟಗಳ ನಾಡಿಗೆ ಸ್ಪೇನಿನ ಪಿಜಾರೋ ದಂಡೆತ್ತಿ ಹೋದದ್ದು 1532ರಲ್ಲಿ. ಕೋಟೆಯ ಒಳಗಿನ ಆದಿಲ್ ಶಾಹಿ ಸೈನಿಕನಿಗೂ ಹೊರಗಿನ ವಿಜಯನಗರದ ಸೈನಿಕನಿಗೂ ಖೀಮಾ ಆಲೂ ಗೊತ್ತಿರಲಿಲ್ಲ.

ನಂತರದ ಶತಮಾನಗಳಲ್ಲಿ ಪೋರ್ಚುಗೀಸರು ಅಮೆರಿಕದ ಬೆಳೆಗಳನ್ನು ಪಶ್ಚಿಮ ಕರಾವಳಿಗೆ ತಂದರು. ಹದಿನೆಂಟನೆಯ ಶತಮಾನದ ಕೊನೆಯಿಂದ ಬ್ರಿಟಿಷರು ಆಲೂಗಡ್ಡೆಯನ್ನು ಒಳನಾಡಿನಲ್ಲಿ ಹಬ್ಬಿಸಿದರು. ಈ ಎರಡು ದಾರಿಗಳ ಗುರುತು ಹೆಸರುಗಳಲ್ಲಿ ಉಳಿದಿದೆ. ಕರಾವಳಿಯಲ್ಲಿ ಬಟಾಟೆ, ಧಾರವಾಡ, ಬೆಳಗಾವಿ ಕಡೆ ಬಟಾಟಿ. ಮೈಸೂರು ಸೀಮೆಯ ಕೆಲವೆಡೆ ಉರಳಗಡ್ಡೆ. ನಮ್ಮಲ್ಲಿ ಆಲುಗಡ್ಡಿ, ಗಡಿ ದಾಟಿ ತೆಲಂಗಾಣಕ್ಕೆ ಹೋದರೆ ಅಲ್ಲೂ ಆಲುಗಡ್ಡ. ನಿಜಾಮರ ರಾಜ್ಯ ಹೋಗಿ ಮುಕ್ಕಾಲು ಶತಮಾನ ಕಳೆದರೂ ತರಕಾರಿ ಬುಟ್ಟಿಯಲ್ಲಿ ಅದರ ಗಡಿ ಹಾಗೇ ಇದೆ. ಪಾರಸಿಯಲ್ಲಿ ಆಲೂ ಎಂದರೆ ಒಂದು ಬಗೆಯ ಹಣ್ಣು, ನಾವು ಒಣಗಿಸಿ ತಿನ್ನುವ ಆಲೂಬುಖಾರಾದಲ್ಲಿ ಇರುವುದು ಅದೇ ಪದ. ಸಂಸ್ಕೃತದಲ್ಲಿ ಆಲು ಎಂದರೆ ಗೆಡ್ಡೆ. ನಮ್ಮ ಜನ ಎರಡನೆಯದನ್ನು ಹಿಡಿದುಕೊಂಡು, ಮೇಲೊಂದು ಗಡ್ಡಿಯನ್ನೂ ಸೇರಿಸಿ, ಗೆಡ್ಡೆಗೆ ಎರಡು ಸಲ ಗೆಡ್ಡೆ ಎಂದರು. ಪಕ್ಕದಲ್ಲಿ ಉಳ್ಳಾಗಡ್ಡಿ ಮೊದಲೇ ಇತ್ತಲ್ಲ.

ರಾಯಚೂರಿನ ಎರೆಭೂಮಿ ಹತ್ತಿ, ಜೋಳದ ಭೂಮಿ, ಆಲೂಗಡ್ಡೆಯದಲ್ಲ. ಇಂದಿಗೂ ರಾಜ್ಯದಲ್ಲಿ ಅದಕ್ಕೆ ಹೆಸರಾದದ್ದು ಹಾಸನ. ಇಷ್ಟು ಭಾರದ, ಇಷ್ಟು ಅಗ್ಗದ ಗೆಡ್ಡೆ ಎತ್ತಿನ ಗಾಡಿಯಲ್ಲಿ ನೂರಾರು ಮೈಲಿ ಬಂದು ಬಡವರ ಕೈಗೆ ಎಟುಕುವುದು ಕಷ್ಟ. 1871ರಲ್ಲಿ ಮುಂಬೈ ಕಡೆಯ ಗ್ರೇಟ್ ಇಂಡಿಯನ್ ಪೆನಿನ್ಸುಲಾ ರೈಲ್ವೆ ಮತ್ತು ಮದ್ರಾಸ್ ರೈಲ್ವೆ ರಾಯಚೂರಿನಲ್ಲಿ ಕೂಡಿಕೊಂಡವು. ದೇಶದ ಎರಡು ದೊಡ್ಡ ಬಂದರುಗಳ ಸರಕು ಹಾದುಹೋಗುವ ದಾರಿಯಲ್ಲಿ ನಮ್ಮ ಊರು ಬಿತ್ತು. ಕೋಟೆಗಾಗಿ ನಡೆದ ಯುದ್ಧಗಳಿಗಿಂತ ಈ ಕೂಡುಹಳಿ ನಮ್ಮ ಅಡುಗೆಮನೆಯನ್ನು ಹೆಚ್ಚು ಬದಲಿಸಿತು ಎಂದು ನನಗನಿಸುತ್ತದೆ.

ಇಷ್ಟೆಲ್ಲ ಯೋಚಿಸುತ್ತ ಖೀಮಾವನ್ನು ಜಾಲರಿಯಲ್ಲಿ ತೊಳೆದು ಹಿಂಡಿ ಇಟ್ಟೆ. ಎಣ್ಣೆಗೆ ಉಳ್ಳಾಗಡ್ಡಿ ಹಾಕಿ ಕೆಂಪಗಾಗುವವರೆಗೆ ಹುರಿದೆ. ಅಲ್ಲ, ಬಳ್ಳೊಳ್ಳಿ ಅರೆದದ್ದು, ಅರಿಶಿಣ, ಖಾರದ ಪುಡಿ, ಉಪ್ಪು. ಖೀಮಾ ಹಾಕಿದ ಮೇಲೆ ಅದು ಬಿಟ್ಟ ನೀರು ಅದರಲ್ಲೇ ಇಂಗಬೇಕು, ಅವಸರ ಮಾಡಿದರೆ ಹಸಿ ವಾಸನೆ ಉಳಿಯುತ್ತದೆ. ಆಮೇಲೆ ಟೊಮೆಟೊ. ಕುರಿಯ ಖೀಮಾ ಅರ್ಧ ಬೆಂದ ಮೇಲೆ ಆಲೂ ಹೋಳು, ಒಂದು ಲೋಟ ನೀರು, ಮೇಲೆ ಮುಚ್ಚಳ. ಆಲೂ ಒತ್ತಿದರೆ ಒಡೆಯುವಂತಾದಾಗ ಗರಂ ಮಸಾಲೆ, ಕೊತ್ತಂಬರಿ, ಪುದೀನಾ. ಮುಕ್ಕಾಲು ಗಂಟೆಯ ಕೆಲಸ. ಇದರಲ್ಲಿ ಮೆಣಸಿನಕಾಯಿ, ಟೊಮೆಟೊ, ಆಲೂ ಮೂರೂ ಅಮೆರಿಕದಿಂದ ಬಂದವು. ಮೆಣಸಿಗೆ ಬದಲಾಗಿ ಬಂದದ್ದಕ್ಕೆ ಮೆಣಸಿನಕಾಯಿ ಎಂದು ಹಳೆಯ ಹೆಸರನ್ನೇ ಕೊಟ್ಟು ನಮ್ಮವರು ಅದನ್ನು ಒಳಗೆ ಕರೆದುಕೊಂಡರು.

ಅರಮನೆಯ ಪಟ್ಟಿಯಲ್ಲಿ ಖೀಮಾಕ್ಕೆ ಜೊತೆಯಾಗುವುದು ತುಪ್ಪ, ಅಕ್ಕಿ, ಬಾದಾಮಿ. ಅಂದರೆ ರುಚಿಗೆ ರುಚಿ ಸೇರುತ್ತದೆ. ನಮ್ಮ ಮನೆಯಲ್ಲಿ ಆಲೂ ಸೇರಿದ್ದು ಜನ ಹೆಚ್ಚಾಗಿ ಮಾಂಸ ಕಡಿಮೆಯಾದದ್ದಕ್ಕೆ. ನನ್ನ ನಾನಿ ದೇವದುರ್ಗದವಳು. ಅವಳ ಮನೆಯಲ್ಲಿ ಕಾಲು ಕಿಲೋ ಖೀಮಾ ತಂದರೆ ಹನ್ನೊಂದು ಜನ ಉಣ್ಣಬೇಕಿತ್ತು. ಯಂತ್ರದಲ್ಲಿ ಅರೆದದ್ದನ್ನು ಅವಳು ಖೀಮಾ ಎಂದು ಒಪ್ಪುತ್ತಿರಲಿಲ್ಲ. ಹುಣಸೆ ಕೊರಡಿನ ಮೇಲೆ ಕತ್ತಿಯಿಂದ ಕೊಚ್ಚಿಸಿ ತರಬೇಕು, ಆಗ ಕಾಳು ಕಾಳಾಗಿ ಎಲ್ಲರ ತಾಟಿಗೂ ಬರುತ್ತದೆ ಎನ್ನುತ್ತಿದ್ದಳು. ಎಪ್ಪತ್ತೆರಡರ ಬರದಲ್ಲಿ ಆಲೂವೇ ಹಬ್ಬವಾಗಿತ್ತಂತೆ. ಆಲೂ ಹಾಕಿದರೆ ಬರಕತ್ತು ಎಂಬುದು ಅವಳ ಮಾತು. ಇದ್ದದ್ದು ಸಾಕಾಗುವುದೇ ಬರಕತ್ತು. ಅರಸರ ಪುಸ್ತಕದಲ್ಲಿ ಈ ಅಳತೆ ಇಲ್ಲ. ಅದನ್ನು ಗೊತ್ತು ಮಾಡಿದವರು ನಾನಿಯಂಥ ಹೆಂಗಸರು, ತಾಟುಗಳನ್ನು ಎಣಿಸಿ.

ತಾಟಿನಲ್ಲಿ ಪಕ್ಕಕ್ಕಿರುವುದೂ ಇತಿಹಾಸವೇ. ದೇವದುರ್ಗದ ನಾನಿಯ ಮನೆಯಲ್ಲಿ ಖೀಮಾ ಆಲೂ ಎಂದರೆ ಜೋಳದ ರೊಟ್ಟಿ. ಮಾನ್ವಿಯ ದೊಡ್ಡಪ್ಪನ ಮನೆಯಲ್ಲಿ ಅನ್ನ, ಅದಕ್ಕೆ ತಕ್ಕಂತೆ ಖೀಮಾವೂ ತೆಳು. 1953ರಲ್ಲಿ ತುಂಗಭದ್ರಾ ಅಣೆಕಟ್ಟಿನ ನೀರು ಹರಿದ ಮೇಲೆ ಎಡದಂಡೆ ಕಾಲುವೆಯ ಕೆಳಗೆ ಭತ್ತ ಬಂತು. ದೇವದುರ್ಗಕ್ಕೆ ನಾರಾಯಣಪುರ ಬಲದಂಡೆ ಕಾಲುವೆ ಬರಲು ಇನ್ನೂ ಹಲವು ದಶಕ ಬೇಕಾದವು. ಒಂದೇ ಜಿಲ್ಲೆ, ಒಂದೇ ಅಡುಗೆ, ಎರಡು ಕಾಲುವೆ.

ಈ ಆಲೂ ಇನ್ನೊಂದು ಕೆಲಸವನ್ನೂ ಮಾಡಿದೆ, ಅದನ್ನು ಬರೆಯಲು ನನಗೆ ಸ್ವಲ್ಪ ಸಂಕೋಚ. ಐದನೆಯ ತರಗತಿಯಲ್ಲಿದ್ದಾಗ ಅಮ್ಮಿ ಡಬ್ಬಿಗೆ ಹಿಂದಿನ ರಾತ್ರಿಯ ಖೀಮಾ ಆಲೂ ಹಾಕಿದರೆ ನಾನು ಹೋಳುಗಳನ್ನು ಮೇಲಕ್ಕೆ ತಂದು ಖೀಮಾವನ್ನು ಕೆಳಗೆ ತಳ್ಳುತ್ತಿದ್ದೆ. "ಏನ್ ತಂದೀಯವಾ?" ಎಂದು ಗೆಳತಿ ಕೇಳಿದರೆ "ಆಲುಗಡ್ಡಿ ಪಲ್ಯ" ಎನ್ನುತ್ತಿದ್ದೆ. ಯಾರೂ ನನ್ನನ್ನು ಬೈದಿರಲಿಲ್ಲ. ಏನನ್ನು ಮುಚ್ಚಬೇಕು ಎಂಬುದು ಯಾರೂ ಹೇಳದೆಯೇ ಗೊತ್ತಾಗಿತ್ತು. 2021ರ ಡಿಸೆಂಬರಿನಲ್ಲಿ ಅಪೌಷ್ಟಿಕತೆಯ ಕಾರಣಕ್ಕೆ ರಾಯಚೂರೂ ಸೇರಿ ಈ ಭಾಗದ ಜಿಲ್ಲೆಗಳ ಶಾಲೆಗಳಲ್ಲಿ ಮೊಟ್ಟೆ ಕೊಡಲು ಆರಂಭಿಸಿದಾಗ ಎದ್ದ ವಿವಾದವನ್ನು ಓದುತ್ತ ನನಗೆ ಆ ಡಬ್ಬಿ ನೆನಪಾಯಿತು.

ಅದೇ ವರ್ಷದ ಜನವರಿಯಲ್ಲಿ ಹೊಸ ಜಾನುವಾರು ಹತ್ಯೆ ನಿಷೇಧ ಕಾನೂನು ಜಾರಿಗೆ ಬಂದಿತ್ತು. ಅಗ್ಗದ ಮಾಂಸ ನಮ್ಮ ಮನೆಗೆ ಬರುವುದು ನಿಂತಿತು. ಉಳಿದದ್ದು ಕುರಿ, ಕೋಳಿ. ಅಲ್ಲಿಯವರೆಗೆ ಅಮ್ಮಿಯ ಲೆಕ್ಕ ಒಂದಕ್ಕೆ ಒಂದು. ಒಂದಕ್ಕೆ ಎರಡು ಎಂದಾದದ್ದು ಆಮೇಲೆ. ಅಂದರೆ ನಾನಿಯ ಕಾಲದ ಅಳತೆಯತ್ತ ಅವಳು ಮತ್ತೆ ಹೊರಟಿದ್ದಾಳೆ. ಕಾನೂನಿನ ಇತಿಹಾಸ ಬರೆಯುವವರು ವಿಧಾನಸಭೆಯ ನಡಾವಳಿ ನೋಡುತ್ತಾರೆ, ನೋಡಲೇಬೇಕು. ಇಂಥ ಅಳತೆಯನ್ನೂ ಬರೆದಿಡಬೇಕು ಎಂಬುದಷ್ಟೇ ನನ್ನ ವಾದ. ಬರೆಯದಿದ್ದರೆ ಇನ್ನು ಇಪ್ಪತ್ತು ವರ್ಷಕ್ಕೆ ಒಂದಕ್ಕೆ ಎರಡು ಎಂಬುದು ಮೊದಲಿನಿಂದ ಬಂದ ಸಂಪ್ರದಾಯ ಎನಿಸಿಕೊಳ್ಳುತ್ತದೆ.

ರಾತ್ರಿ ಒಂಬತ್ತು ಜನಕ್ಕೂ ಸಾಕಾಯಿತು. ದೊಡ್ಡಪ್ಪ ಅನ್ನ ಕೇಳಿದರು, ಅಮ್ಮಿ ರೊಟ್ಟಿ ಮುರಿದಳು, ಉಪ್ಪು ಕಡಿಮೆ ಎಂದಳು. ಪಾತ್ರೆಯ ತಳದಲ್ಲಿ ಎರಡು ಸೌಟು ಉಳಿದಿತ್ತು. ದೊಡ್ಡಪ್ಪನ ಮೊಮ್ಮಗಳು ನಾಲ್ಕನೆಯ ತರಗತಿ. ನಾಳೆ ಮಾನ್ವಿಗೆ ಹೋಗಿ ಶಾಲೆಗೆ ಒಯ್ಯುತ್ತೇನೆ ಎಂದು ಡಬ್ಬಿ ಹಿಡಿದುಕೊಂಡು ಬಂದಳು. ನಾನು ತುಂಬುತ್ತಿರುವಾಗ ಕೇಳಿದಳು:

"ಫುಪ್ಪು, ಯಾರಾದ್ರೂ ಕೇಳಿದ್ರ ಏನಂತ ಹೇಳ್ಲಿ?"

ಖೀಮಾ ಆಲೂ ಅಂತ ಹೇಳು ಎಂದೆ. ಹೇಳುವ ಮೊದಲು ನಾನು ಒಂದು ಕ್ಷಣ ತಡೆದದ್ದನ್ನು ಅವಳು ಗಮನಿಸಿದಳು. ಡಬ್ಬಿಯ ಮುಚ್ಚಳವನ್ನು ಅವಳೇ ಒತ್ತಿ ಹಾಕಿಕೊಂಡಳು.